ನಮ್ಮ ಮಾವನ ಐದು ಪಂಕ್ತಿಗಳು

ನಲವತ್ತೆರಡು ರೂಪಾಯಿ! ಒಂದು ಜೇಬುಗಡಿಯಾರಕ್ಕೆ ನಾನು ಕೊಟ್ಟ ಹಣ ಇದು. ಬಳ್ಳಾರಿ ದಂಡಿನ ಬಜಾರಿನ ಅಂಗಡಿಯವನು ಅರವತ್ತೈದು ಎಂದ. ನಾನು ಮೂರು ಸಲ ಮೆಟ್ಟಿಲಿಳಿದೆ, ಮೂರು ಸಲವೂ ಅವನೇ ಕರೆದ. ನಾಲ್ಕನೆಯ ಸಲ ನಾನು ಇಳಿಯಲಿಲ್ಲ, ಯಾಕೆಂದರೆ ಅವನ ಮುಖ ನೋಡಿದರೆ ಇನ್ನು ಕರೆಯುವ ಹಾಗೆ ಕಾಣಲಿಲ್ಲ. ಇಷ್ಟು ಕೊಟ್ಟು ಯಾಕೆ ತಂದೆ ಅಂತೀರೋ? ಮಗಳ ಮದುವೆ ಗೊತ್ತಾಗಿತ್ತು. ಸಿರುಗುಪ್ಪದ ಬೀಗರು, "ನಮಗೇನೂ ಬ್ಯಾಡ್ರಿ, ಹುಡುಗಗ ಒಂದು ಗಡಿಯಾರ ಕೊಟ್ಟರ ಸಾಕು" ಎಂದು ದೊಡ್ಡ ಮನಸ್ಸು ಮಾಡಿದ್ದರು. (ಏನೂ ಬೇಡ ಎನ್ನುವವರ ಜೊತೆ ವ್ಯವಹಾರ ಮಾಡುವಾಗ ಎರಡು ಸಲ ಯೋಚಿಸಿ. ಇದು ನನ್ನ ಮೊದಲ ಸಲಹೆ. ಪುಕ್ಕಟೆ ಕೊಡುತ್ತಿದ್ದೇನೆ, ಇಟ್ಟುಕೊಳ್ಳಿ.)

ಆ ಗಡಿಯಾರವನ್ನು ಮೊಟ್ಟಮೊದಲು ತೋರಿಸಿದ್ದು ಕುರುಗೋಡಿನಲ್ಲಿದ್ದ ನಮ್ಮ ಸೋದರಮಾವನಿಗೆ. ಅವರು ಅದನ್ನು ಕಿವಿಗೆ ಹಿಡಿದರು, ಮೂಸಿದರು, ಅಂಗೈಯಲ್ಲಿ ಬೋರಲು ಹಾಕಿ ಸ್ವಲ್ಪ ಹೊತ್ತು ಕಾದರು, ಜೀರುಂಡೆಯ ಹಾಗೆ ಕಾಲಾಡಿಸುತ್ತದೋ ಎಂದು ನೋಡುವವರಂತೆ. ಆಮೇಲೆ ತೀರ್ಪು ಬಂತು:

"ಇದು ಪ್ರಾಣಿ ಅಲ್ಲ. ಹಂಗಾಗಿ ಇದಕ್ಕ ಪಂಕ್ತಿ ಇಲ್ಲ. ಒಳಗಿಡು."

ನಮ್ಮ ಮಾವನ ತಲೆ ಕೆಟ್ಟಿದೆ ಎಂದು ಊರಲ್ಲಿ ಕೆಲವರು ಅನ್ನುತ್ತಿದ್ದರು. ನಾನು ಒಪ್ಪುವುದಿಲ್ಲ! ಕೆಟ್ಟ ತಲೆ ಇಷ್ಟು ಕರಾರುವಾಕ್ಕಾಗಿ ಕೆಲಸ ಮಾಡುತ್ತದೆಯೇ? ಅದು ಬೇರೆಯವರ ತಲೆಗಿಂತ ಬೇರೆ ದಿಕ್ಕಿಗೆ ಮುಖ ಮಾಡಿ ಕೂತಿತ್ತು, ಅಷ್ಟೇ. ಜಗತ್ತಿನಲ್ಲಿ ಜೀವವಿದ್ದದ್ದನ್ನೆಲ್ಲ, ಇರುವೆಯಿಂದ ಹಿಡಿದು ಕಲೆಕ್ಟರ್ ಸಾಹೇಬರವರೆಗೆ, ಹೊತ್ತಿನ ಜೊತೆ ಅದಕ್ಕಿರುವ ನಂಟನ್ನು ನೋಡಿ ಐದು ಪಂಕ್ತಿಯಲ್ಲಿ ಕೂಡಿಸಿದವರು ನಮ್ಮ ಮಾವ. ಇಂಥ ಮಾವ ನಿಮಗಿದ್ದಾರೆಯೇ? ಇಲ್ಲ ತಾನೆ? ಹಾಗಾದರೆ ಸುಮ್ಮನೆ ಮುಂದೆ ಓದಿ.

ಅವರ ಕಸುಬು ಗಳಿಗೆ ಬಟ್ಟಲು ಕಾಯುವುದು. ಮನೆಮನೆಗೆ ಗಡಿಯಾರ ಬರುತ್ತಿರುವ ಈ ದಿನಗಳಲ್ಲಿ ಅದನ್ನು ನೋಡದೆ ಇರುವವರೂ ಇದ್ದಾರು, ಹೇಳಿಬಿಡುತ್ತೇನೆ. ಅದೊಂದು ತೆಳ್ಳನೆಯ ತಾಮ್ರದ ಬಟ್ಟಲು. ತಳದಲ್ಲಿ ಸೂಜಿ ಚುಚ್ಚಿದಷ್ಟು ಸಣ್ಣ ತೂತು. ಸೂರ್ಯ ಹುಟ್ಟುವಾಗ ಹಂಡೆಯ ನೀರಿನ ಮೇಲೆ ಬಿಟ್ಟರೆ ತೂತಿನಿಂದ ನೀರು ಏರುತ್ತ ಏರುತ್ತ ಬಟ್ಟಲು ತುಂಬಿ 'ಬುಳುಕ್' ಎಂದು ಮುಳುಗುತ್ತದೆ. ಮುಳುಗಿದರೆ ಒಂದು ಗಳಿಗೆ. ಗಡಿಯಾರದವರ ಲೆಕ್ಕದಲ್ಲಿ ಇಪ್ಪತ್ತನಾಲ್ಕು ನಿಮಿಷ. ಕೂಡಲೇ ಎತ್ತಬೇಕು, ಚೆಲ್ಲಬೇಕು, ಮತ್ತೆ ತೇಲಿಬಿಡಬೇಕು, ಗೋಡೆಯ ಮೇಲೆ ಒದ್ದೆ ಕುಂಕುಮದಿಂದ ಒಂದು ಗೆರೆ ಎಳೆಯಬೇಕು. ಗೆರೆಗಳು ಎಷ್ಟಾದವೋ ಅಷ್ಟು ಗಳಿಗೆ ಹೊತ್ತು ಏರಿತು ಎಂದರ್ಥ. ಕುರುಗೋಡಿನಿಂದ ಸಿರುಗುಪ್ಪದವರೆಗೆ ನಮ್ಮ ಮಾವನ ಬಟ್ಟಲು ಮುಳುಗದೆ ಒಂದು ತಾಳಿಯೂ ಕೊರಳಿಗೆ ಬೀಳುತ್ತಿರಲಿಲ್ಲ. ಇದನ್ನು ನಾನು ಹೆಮ್ಮೆಯಿಂದಲೇ ಹೇಳುತ್ತೇನೆ. ವಿನಯ ಬೇಕಾದವರು ಬೇರೆ ಮನೆಯವರ ಮಾವಂದಿರ ಬಗ್ಗೆ ಓದಬಹುದು.

ಈಗ ಯೋಚನೆ ಮಾಡಿ. ಒಬ್ಬ ಮನುಷ್ಯ ನಲವತ್ತು ವರ್ಷ ಒಂದು ಬಟ್ಟಲಿನ ಮುಂದೆ ಕೂತಿದ್ದಾನೆ. ಎದ್ದು ಹೋಗುವಂತಿಲ್ಲ, ಮಾತಿಗೆ ಮನಸ್ಸು ಕೊಡುವಂತಿಲ್ಲ. ಅವನು ಮಾಡುವುದೇನು? ಬಟ್ಟಲು ನೋಡುತ್ತಾನೆ, ಓಡಾಡುವವರನ್ನು ನೋಡುತ್ತಾನೆ, ಮತ್ತೆ ಬಟ್ಟಲು ನೋಡುತ್ತಾನೆ. ಹೀಗೆ ನೋಡಿ ನೋಡಿ ಹುಟ್ಟಿದ್ದೇ ಆ ಐದು ಪಂಕ್ತಿ.

"ಕೇಳಲೇ," ಅನ್ನುತ್ತಿದ್ದರು ನನಗೆ, "ಜೀವ ಅಂತ ಇದ್ದದ್ದಕ್ಕೆಲ್ಲ ಹೊತ್ತಿನ ಕೂಡ ಒಂದು ಸಂಬಂಧ ಐತಿ. ಕೆಲವರಿಗೆ ಅದು ಹೆಂಡ್ತಿ, ಕೆಲವರಿಗೆ ನೆಂಟ, ಕೆಲವರಿಗೆ ಬಾಡಿಗಿ ಮನಿ."

ಮೊದಲನೆಯ ಪಂಕ್ತಿ ತೇಲುವವರದು. ಇವರಿಗೆ ನಿನ್ನೆಯೂ ಇಲ್ಲ, ನಾಳೆಯೂ ಇಲ್ಲ: ನೊಣ, ಕೂಸು, ಬೀದಿನಾಯಿ, ಮತ್ತು ಹೋಳಿಗೆ ಬಡಿಸಿದ ಮೇಲಿನ ಮದುವೆ ಮಂದಿ. ಎರಡನೆಯದು ಮುಳುಗಿದವರದು. ಇವರು ಆದದ್ದರೊಳಗೇ ಇರುವವರು: ಮೆಲುಕು ಹಾಕುವ ಎಮ್ಮೆ, ಪಿಂಚಣಿ ತಿನ್ನುವ ಸಿಪಾಯಿ, ಮಾತೆತ್ತಿದರೆ 'ನಮ್ಮ ಕಾಲದಾಗ' ಎನ್ನುವ ಎಲ್ಲರೂ. ಮೂರನೆಯದು ಸೋರುವವರದು. ಹೊತ್ತು ಹನಿಹನಿಯಾಗಿ ಒಳಗೆ ಇಳಿಯುತ್ತಿದ್ದರೂ ಇವರಿಗೆ ಗೊತ್ತಾಗುವುದಿಲ್ಲ: ಬೆಕ್ಕು, ದರ್ಜಿ, 'ಇಗಾ ಬಂದೆ' ಎಂದು ಹೋದವರು. ನಾಲ್ಕನೆಯದು ಮುಂದಿನ ಬಟ್ಟಲಿಗೆ ಈಗಲೇ ಕೈ ಹಾಕುವವರದು: ಇರುವೆ, ಕಾಗೆ, ಅಳಿಲು. ಐದನೆಯದು ಕಾಯುವವರದು. ಇವರು ಹೊತ್ತನ್ನು ಎಳೆಯುವುದಿಲ್ಲ, ತಳ್ಳುವುದಿಲ್ಲ, ಬಂದಾಗ ಎದ್ದು ನಿಲ್ಲುತ್ತಾರೆ: ಕೆರೆಯ ಕೊಕ್ಕರೆ, ಗೋಡೆಯ ಹಲ್ಲಿ, ದಿನ ತುಂಬಿದ ಬಸುರಿ. ಮತ್ತೆ ನಮ್ಮ ಮಾವ.

ತಮ್ಮನ್ನು ತಾವೇ ಕೊನೆಯ, ಎಲ್ಲಕ್ಕಿಂತ ದೊಡ್ಡ ಪಂಕ್ತಿಯಲ್ಲಿ ಕೂಡಿಸಿಕೊಂಡರಲ್ಲ ಎಂದು ನಿಮಗನ್ನಿಸಬಹುದು. ನನಗೂ ಅನ್ನಿಸಿತ್ತು. ಕೇಳಿದೆ. "ಪಂಕ್ತಿ ಹಾಕಿದಾಂವ ನಾನು. ನನ್ನ ಎಲಿ ನಾನು ಹಾಕ್ಕೊಳ್ಳಲಿಲ್ಲಂದ್ರ ಯಾರು ಹಾಕತಾರ?" ಎಂದರು.

ಈ ಪಂಕ್ತಿಗಳು ಊರಿನಲ್ಲಿ ದೊಡ್ಡ ತಕರಾರುಗಳನ್ನೇ ಎಬ್ಬಿಸುತ್ತಿದ್ದವು. ಪಾತ್ರೆಗಳಿಗೆ ಕಲಾಯಿ ಹಾಕುವ ಸಾಹೇಬರೊಬ್ಬರು ಮಾವನ ಬಟ್ಟಲಿನ ತೂತು ಹಿಗ್ಗಿದಾಗ ಅದನ್ನು ಸರಿಮಾಡಿಕೊಡುತ್ತಿದ್ದರು. ಒಂದು ದಿನ ಬಟ್ಟಲನ್ನು ಬಿಸಿಲಿಗೆ ಹಿಡಿದು ತೂತು ನೋಡುತ್ತ ತಣ್ಣಗೆ ಕೇಳಿದರು:

"ಹುಂಜ ಯಾವ ಪಂಕ್ತಿರೀ ಬುಡ್ಡಾ?"

ಮಾವ ಮೂರು ದಿನ ತೆಗೆದುಕೊಂಡರು. ನಾಲ್ಕನೆಯ ದಿನ ಅವರೇ ಸಾಹೇಬರ ಕುಲುಮೆಯ ಹತ್ತಿರ ಹೋಗಿ, "ಐದನೇದು. ಕಾಯೋದು" ಎಂದರು.

"ಹೆಂಗಾಗತೈತ್ರಿ? ಸೂರ್ಯ ಬರೋಕಿಂತ ಮೊದಲಽ ಕೂಗತೈತಿ. ನಾಕನೇದಕ್ಕ ಹಾಕ್ರಿ."

"ಕೂಗಿ ಸುಮ್ಮನ ಆಗತೈತೇನು? ಕತ್ತೆತ್ತಿ, ಬರತಾನೋ ಇಲ್ಲೋ ಅಂತ ನೋಡಕೋಂತ ನಿಂದರತೈತಿ. ಕಾಯೋ ಪೈಕೀನೇ."

"ಹಂಗಾರ ನಿಮ್ಮ ಬಾಜೂನೇ ಕುಂದರತೈತಿ ಅನ್ರಿ!"

ಕುಲುಮೆಯ ಸುತ್ತ ಇದ್ದವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು. ಮಾವ ಮಾತ್ರ ಗಂಭೀರವಾಗಿ, "ಕುಂದರಲಿ. ಅದರ ಕೂಗು ಕೇಳಿ ಏಳೋರು ಅದಕ್ಕ ಏನು ಕೊಡತಾರ? ನನಗೂ ಅಷ್ಟಽ ಕೊಡತಾರ" ಎಂದು ಬಟ್ಟಲು ತೆಗೆದುಕೊಂಡು ಬಂದರು. ನಿಜವೇ. ಒಂದು ಮದುವೆಗೆ ಅವರಿಗೆ ಸಿಗುತ್ತಿದ್ದದ್ದು ಒಂದು ತೆಂಗಿನಕಾಯಿ, ಒಂದು ಪಂಚೆ. ಒಂದಿಷ್ಟು ಚೌಕಾಸಿ ಮಾಡಿ ಎಂದು ನಾನು ಎಷ್ಟು ಸಲ ಹೇಳಿಲ್ಲ! ಲಗ್ನದ ಗಳಿಗೆ ಕೈಯಲ್ಲಿ ಹಿಡಿದು ಕೂತವನಿಗಿಂತ ಒಳ್ಳೆಯ ಜಾಗದಲ್ಲಿ ಕೂತ ವ್ಯಾಪಾರಿ ಈ ಜಿಲ್ಲೆಯಲ್ಲೇ ಇಲ್ಲ. ಕೇಳಬೇಕಲ್ಲ!

ಈಗ ನನ್ನ ದುಃಖ ಕೇಳಿ. ನನ್ನನ್ನು ಅವರು ನಾಲ್ಕನೆಯ ಪಂಕ್ತಿಯಲ್ಲಿ, ಇರುವೆ ಮತ್ತು ಕಾಗೆಗಳ ನಡುವೆ ಕೂಡಿಸಿದ್ದರು. ನಾನು ಬರಿಗೈಯಲ್ಲಿ ಬಳ್ಳಾರಿಗೆ ಬಂದು, ಹತ್ತಿಯ ಅಂಡಿಗೆ, ಎಂದರೆ ಮೂಟೆ, ಹೊತ್ತು, ಆಮೇಲೆ ಹೊರಿಸಿ, ಈಗ ಬ್ರೂಸ್‌ಪೇಟೆಯ ಕಡೆ ಹೆಂಚಿನ ಮನೆ ಕಟ್ಟಿಕೊಂಡವನು. ಯಾವ ಮಾಲಿನ ಮೊದಲ ಬೆಲೆಯನ್ನೂ ನಾನು ಜನ್ಮದಲ್ಲಿ ಒಪ್ಪಿದವನಲ್ಲ. ಐದನೆಯದೊಂದು ಇದೆ ಎಂದ ಮೇಲೆ ನಾಲ್ಕಕ್ಕೆ ಸುಮ್ಮನಾಗುತ್ತೇನೆಯೇ?

"ಮಾವ, ನನ್ನನ್ನ ಯಾಕ ಇರುವಿ ಸಾಲಿಗೆ ಹಾಕೀರಿ?"

"ಹತ್ತಿ ಗಿಡ ಹೂ ಬಿಡೋಕ ಮೊದಲಽ ನೀ ಅದರ ಅಂಡಿಗಿ ಮಾರಿರತಿ. ಮಧ್ಯಾಹ್ನದ ಊಟ ಮಾಡುವಾಗ ರಾತ್ರಿ ಪಲ್ಯ ಏನಂತ ಕೇಳತಿ. ಮತ್ತ ಎಲ್ಲಿ ಕೂಡಸಲಿ?"

ಮುಂದಿನ ಸಲ ಕುರುಗೋಡಿಗೆ ಹೋಗುವಾಗ ಎರಡು ಸೇರು ಎಮ್ಮೆ ತುಪ್ಪ ಹಿಡಿದುಕೊಂಡು ಹೋದೆ. ಅತ್ತೆ ಕಾಯಿಸಿ ಬಡಿಸಿದರು. ಮಾವ ಮೂರು ಸಲ ಅನ್ನ ಕಲಸಿ ಉಂಡರು, ಬೆರಳು ನೆಕ್ಕಿದರು. ನಾನು ಮೆಲ್ಲನೆ ವಿಷಯ ಎತ್ತಿದೆ.

"ತುಪ್ಪ ಭಾಳ ಚೊಲೋ ಐತಿ," ಎಂದರು. "ಆದರ ಮುಂದ ಏನೋ ಸಿಗತೈತಿ ಅಂತ ತಂದೀಯಲಾ, ಅದಕ್ಕ ನೀನು ನಾಕನೇದ್ರಾಗ ಖಾಯಂ!"

ಕೊಟ್ಟ ತುಪ್ಪವೂ ಹೋಯಿತು, ಇದ್ದ ಆಸೆಯೂ ಹೋಯಿತು. ಇಂಥ ಕೆಟ್ಟ ವ್ಯಾಪಾರ ನಾನು ಮತ್ತೊಂದು ಮಾಡಿಲ್ಲ.

ನಮ್ಮ ಅತ್ತೆಯ ಪಂಕ್ತಿ ಯಾವುದು ಎಂದು ಕೇಳುತ್ತೀರಿ. ಮೂರನೆಯದು, ಸೋರುವವರದು! ಅದೂ ಮುಖಕ್ಕೆ ಎದುರಾಗಿ ಹೇಳುತ್ತಿದ್ದರು. ಅತ್ತೆಯ ಅಡಿಗೆ ಎಂದೂ ಹೊತ್ತಿಗೆ ಸರಿಯಾಗಿ ಇಳಿದದ್ದಿಲ್ಲ ಎನ್ನುವುದು ಅವರ ದೂರು. ಅಡಿಗೆಮನೆಯ ಕಡೆ ಕೊರಳು ಚಾಚಿ, "ಮೂರನೇ ಪಂಕ್ತಿಯಾಕಿ, ಅನ್ನ ಆತೇನು?" ಎನ್ನುತ್ತಿದ್ದರು.

ಒಳಗಿನಿಂದ ಅತ್ತೆ ಬಿಡುತ್ತಿದ್ದರೇ? "ಆಗತೈತಿ, ಕುಂದರ್ರಿ. ಹೊತ್ತು ನಿಮ್ಮ ಬಟ್ಲಾಗ ಐತಿ, ಅಕ್ಕಿ ನನ್ನ ಗಡಿಗ್ಯಾಗ ಐತಿ. ಅವೆರಡಕ್ಕೂ ನೀವೇನು ಸಂಬಂಧ ಬೆಳೆಸೀರಿ?"

ಇನ್ನು ರೈಲಿನ ಕಥೆ ಹೇಳದಿದ್ದರೆ ಮುಂದಿನದು ನಿಮಗೆ ತಿಳಿಯುವುದಿಲ್ಲ. ಒಮ್ಮೆ ಮಾವನನ್ನು ಗುಂತಕಲ್ಲಿಗೆ ಕರೆದುಕೊಂಡು ಹೋಗಬೇಕಾಗಿತ್ತು. ಬಳ್ಳಾರಿಯ ನನ್ನ ಮನೆಯಿಂದ ಹೊರಡುವಾಗ, "ಆತುರ ಬ್ಯಾಡ, ಅರ್ಧ ಬಟ್ಲು ಹೊತ್ತೈತಿ" ಎಂದು ಬಿಸಿಲು ನೋಡಿ ಹೇಳಿದರು. ನಾನು ನಂಬಿದೆ. ಇಬ್ಬರೂ ಎಲೆ ಅಡಿಕೆ ಹಾಕಿಕೊಂಡು ನಿಧಾನವಾಗಿ ನಡೆದು ಸ್ಟೇಷನ್ ಮುಟ್ಟಿದರೆ ರೈಲಿನ ಹಿಂಭಾಗ ಕಾಣುತ್ತಿತ್ತು! ಅದೂ ಸಣ್ಣದಾಗುತ್ತಿತ್ತು! ಅಲ್ಲಿದ್ದ ಗುಮಾಸ್ತನೊಬ್ಬ ವಿವರಿಸಿದ: ರೈಲು ಓಡುವುದು ಮದರಾಸಿನ ಹೊತ್ತಿಗೆ, ಮದರಾಸು ಮೂಡಲಿಗಿದೆ, ಅಲ್ಲಿ ಸೂರ್ಯ ಮೊದಲು ಹುಟ್ಟುತ್ತಾನೆ, ಹೀಗಾಗಿ ಸ್ಟೇಷನ್ನಿನ ಗಡಿಯಾರ ಬಳ್ಳಾರಿಯ ಬಿಸಿಲಿಗಿಂತ ಯಾವಾಗಲೂ ಮುಂದು, ಮಾಘದ ಸುಮಾರಿಗಂತೂ ಭಾಳ ಮುಂದು.

ಮಾವ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು.

"ಮದರಾಸಿನಾಗ ಹೊತ್ತಾಗಿದ್ದರ ಮದರಾಸಿನವರು ಹೋಗಲೆಪ್ಪಾ! ನನಗ ಬಳ್ಳಾರ್ಯಾಗ ಇನ್ನೂ ಹೊತ್ತಾಗಿಲ್ಲ!"

ಪ್ಲಾಟ್‌ಫಾರಮ್ಮಿನಲ್ಲಿ ಇದ್ದವರೆಲ್ಲ ನಕ್ಕರು. ನಾನು ನಗಲಿಲ್ಲ. ಕೈಯಲ್ಲಿ ಎರಡು ಟಿಕೀಟು ಇದ್ದವು.

ಇಷ್ಟಾದರೂ ಬುದ್ಧಿ ಕಲಿತೆನೇ ನಾನು? ಮಗಳ ಮದುವೆಗೆಂದು ಆ ನಲವತ್ತೆರಡು ರೂಪಾಯಿಯ ಗಡಿಯಾರ ಕೊಂಡವನು ನೆಟ್ಟಗೆ ಸ್ಟೇಷನ್ನಿಗೆ ಹೋಗಿ ಅಲ್ಲಿನ ದೊಡ್ಡ ಗಡಿಯಾರಕ್ಕೆ ಸರಿಯಾಗಿ ಮುಳ್ಳು ತಿರುಗಿಸಿಕೊಂಡು ಬಂದೆ. ಪುಕ್ಕಟೆ ಸಿಗುವ ಹೊತ್ತಲ್ಲವೇ ಎಂದು! ಮದುವೆಯ ಹಿಂದಿನ ದಿನ ಅದನ್ನು ಬೀಗರ ಕೈಗೆ ಕೊಟ್ಟೆವು.

ಮದುವೆ ಕುರುಗೋಡಿನಲ್ಲಿ, ಮಾವನ ಮನೆಯ ಅಂಗಳದಲ್ಲಿ. ಮಾಘ ಮಾಸ. ಸೂರ್ಯ ನೆತ್ತಿಯ ಮೇಲೆ ಬಂದ ಗಳಿಗೆಯಲ್ಲಿ ಧಾರೆ ಎಂದು ಪುರೋಹಿತರು ಬರೆದುಕೊಟ್ಟಿದ್ದರು. ಬೀಗರು ಸಿರುಗುಪ್ಪದಲ್ಲಿ ಕಚೇರಿ ಗುಮಾಸ್ತರು, ನಿಯಮದ ಮನುಷ್ಯ. "ನೆತ್ತಿ ಮ್ಯಾಲ ಅಂದರ ಹನ್ನೆರಡು ಗಂಟಿ. ಬಟ್ಲು ಬೇಕಾದರ ಇಡ್ರಿ, ಹಿರಿಯರ ಸಮಾಧಾನಕ್ಕ. ಆದರ ಹನ್ನೆರಡು ಅಂದರ ಹನ್ನೆರಡು" ಎಂದರು.

ಅಷ್ಟು ಹೊತ್ತಿಗೆ ಮಾವನಿಗೆ ಕಣ್ಣು ಮಂಜಾಗಿತ್ತು. ಗಡಿಯಾರ ಇರುವ ಮನೆಗಳು ಒಂದೊಂದಾಗಿ ಅವರನ್ನು ಕರೆಯುವುದು ಬಿಟ್ಟಿದ್ದವು. ಆ ಮದುವೆಗೆ ಸುತ್ತಿನ ಊರುಗಳ ದೊಡ್ಡ ಮನೆತನದವರೆಲ್ಲ ಬಂದಿದ್ದರು. ಅವರೆಲ್ಲರ ಎದುರಿಗೆ ಬಟ್ಟಲು ತಪ್ಪಿದರೆ ಇನ್ನು ಯಾವ ಮದುವೆ ಹಂದರದಲ್ಲೂ ಅವರಿಗೆ ಜಾಗವಿಲ್ಲ. ಅವರಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು. ನಾನು ಬುದ್ಧಿವಂತಿಕೆಯಿಂದ, "ಮಾವ, ನೀವು ಸುಮ್ಮನ ಬಟ್ಲು ಮುಂದಿಟ್ಟುಕೊಂಡು ಕುಂದರ್ರಿ. ಬೀಗರು ಗಡಿಯಾರ ನೋಡಿಕೊಳ್ಳಲಿ. ಯಾರಿಗೂ ನೋವಿಲ್ಲ" ಎಂದೆ.

"ಮುಂದಿಟ್ಟುಕೊಂಡು ಕುಂದರಾಕ ಅದೇನು ಗೊಂಬಿ ಏನಲೇ?" ಎಂದರು. ಆಮೇಲೆ ದನಿ ತಗ್ಗಿಸಿ, "ಇದೊಂದು ಸರಿಯಾಗಿ ಮುಳುಗಲಿ. ನಿನ್ನ ಮಗಳದು" ಎಂದರು.

ಹಿಂದಿನ ದಿನವೆಲ್ಲ ಅವರು ಅಂಗಳದಲ್ಲಿ ದಾರ ಹಿಡಿದುಕೊಂಡು ಬಗ್ಗಿ ಏಳುತ್ತಿದ್ದರು. ಹಂದರದ ಹೊರಗೆ ಒಂಟಿಯಾಗಿ ನಿಂತಿದ್ದ ಕಂಬದ ಬುಡದಿಂದ ಬಡಗಲ ದಿಕ್ಕಿಗೆ ನೆಟ್ಟಗೆ ಒಂದು ರಂಗೋಲಿ ಗೆರೆ ಎಳೆದು, ತುಳಿಯಬೇಡಿ ಎಂದು ಹೆಂಗಸರ ಜೊತೆ ಜಗಳವಾಡುತ್ತಿದ್ದರು. ಸೂರ್ಯ ನೆತ್ತಿಗೆ ಬಂದಾಗ ಕಂಬದ ನೆರಳು ಆ ಗೆರೆಯ ಮೇಲೆ ಸರಿಯಾಗಿ ಮಲಗಬೇಕಂತೆ. ಬಟ್ಟಲಿದ್ದ ಮೇಲೆ ಇದು ಯಾಕೆ ಎಂದು ಕೇಳಿದರೆ, "ನನಗ ಒಬ್ಬ ಸಾಕ್ಷಿ ಬೇಕು" ಎಂದಿಷ್ಟೇ ಹೇಳಿದರು.

ಮದುವೆಯ ದಿನ ಸೂರ್ಯನ ಅಂಚು ಕಂಡದ್ದೇ ಬಟ್ಟಲು ನೀರಿಗೆ ಬಿತ್ತು. ಅಡಿಗೆಮನೆಗೆ ಹೋಗುವ ಪಡಸಾಲೆಯ ಮೂಲೆಯಲ್ಲಿ ಹಂಡೆ, ಹಂಡೆಯ ಮುಂದೆ ಮಾವ, ಪಕ್ಕದ ಗೋಡೆಯ ಮೇಲೆ ಕುಂಕುಮದ ಗೆರೆಗಳು. ಹೊತ್ತೇರಿದ ಮೇಲೆ ಒಮ್ಮೆ ನೋಡಿಕೊಂಡು ಬರೋಣವೆಂದು ನಾನು ಅತ್ತ ಹೋದೆ. ಹೋಗಿ ಬಾಗಿಲಲ್ಲೇ ನಿಂತೆ.

ಮಾವನ ಗದ್ದ ಎದೆಗೆ ತಾಗಿತ್ತು. ಬಟ್ಟಲು ನೀರಿನ ಮೇಲಿರಲಿಲ್ಲ!

ನಾನು ಹೆಜ್ಜೆ ಎತ್ತುವ ಮೊದಲೇ ಅಡಿಗೆಮನೆಯಿಂದ ಅತ್ತೆ ಬಂದರು, ಎಡಗೈಯಲ್ಲಿ ಸೌಟು. ಬಲಗೈ ಹಂಡೆಗೆ ಹಾಕಿ ಬಟ್ಟಲು ಎತ್ತಿದರು, ಚೆಲ್ಲಿದರು, ತೇಲಿಬಿಟ್ಟರು. ಮಾವನ ಕುಂಕುಮದ ಬಟ್ಟಲಿಗೇ ಬೆರಳದ್ದಿ ಗೋಡೆಯ ಮೇಲೆ ಗೆರೆ ಎಳೆದರು, ಬೆರಳನ್ನು ಸೆರಗಿನ ಒಳಮಗ್ಗುಲಿಗೆ ಒರೆಸಿಕೊಂಡರು. ಎಷ್ಟು ಹೊತ್ತು ಹಿಡಿಯಿತು? ನಾನೊಂದು ಉಸಿರು ತೆಗೆದುಕೊಂಡಷ್ಟು. ಆಮೇಲೆ ಒಳಕ್ಕೆ ಹೋಗಿ ಒಂದು ಹಿತ್ತಾಳೆ ತಾಟನ್ನು ನೆಲಕ್ಕೆ ಬೀಳಿಸಿದರು. ಢಣ್!

ಮಾವ ತಲೆ ಎತ್ತಿದರು. ಗೋಡೆಯ ಹತ್ತಿರ ಮುಖ ಒಯ್ದು ನೋಡಿ, ಆಗಿಂದ ಎಣಿಸುತ್ತಲೇ ಇದ್ದವರ ಹಾಗೆ, "ಹ್ಞಾ, ಒಂಬತ್ತು" ಎಂದರು.

ನಾನು ಸದ್ದಿಲ್ಲದೆ ಹಿಂದಕ್ಕೆ ಸರಿದೆ. ಆದರೆ ಸಮಾಧಾನ ಎಲ್ಲಿಯದು? ಅತ್ತೆಯ ಕೈಯಲ್ಲಿ ಇನ್ನೂರು ಮಂದಿಯ ಅಡಿಗೆ ಇದೆ. ಪ್ರತಿ ಸಲವೂ ಹೊತ್ತಿಗೆ ಸರಿಯಾಗಿ ನೋಡಿದ್ದಾರೆಯೇ? ಒಂದು ಬಟ್ಟಲು ತಳದಲ್ಲೇ ಕೂತು, ಒಂದು ಗಳಿಗೆ ಯಾರಿಗೂ ಗೊತ್ತಿಲ್ಲದೆ ಹೋಗಿಬಿಟ್ಟಿದ್ದರೆ?

ಅದೇ ಆಯಿತು ಎನ್ನುವಂತಾಯಿತು. ಗೋಡೆಯ ಮೇಲೆ ಹದಿಮೂರು ಗೆರೆ ಇದ್ದಾಗ ಬೀಗರು ಹಂದರದಲ್ಲಿ ಎದ್ದು ನಿಂತರು. ಗಡಿಯಾರ ಅಂಗೈಯಲ್ಲಿತ್ತು.

"ಹನ್ನೆರಡಾತು! ಧಾರಿ ಆಗಲಿ!"

ವಧೂವರರ ನಡುವೆ ಅಂತಃಪಟ ಹಿಡಿದವರು ಪುರೋಹಿತರ ಮುಖ ನೋಡಿದರು. ಪುರೋಹಿತರು ಪಡಸಾಲೆಯ ಕಡೆ ನೋಡಿದರು. ಮಾವ ಕೂತಲ್ಲಿಂದಲೇ, "ಇಲ್ಲ. ಹದಿನೈದನೇ ಬಟ್ಲು ಅರ್ಧ ತುಂಬಬೇಕು. ಇನ್ನೂ ಒಂದು ಬಟ್ಲು ಹೊತ್ತೈತಿ" ಎಂದರು.

"ಮೆಲ್ಲಕ ಹೇಳತೀನಿ, ಸಿಟ್ಟಾಗಬ್ಯಾಡ್ರಿ," ಎಂದರು ಬೀಗರು, ಹಂದರಕ್ಕೆಲ್ಲ ಕೇಳುವಷ್ಟು ದೊಡ್ಡದಾಗಿ. "ಹಿರಿಯರು ಎಲ್ಲೋ ತೂಕಡಿಸ್ಯಾರ. ಒಂದು ಬಟ್ಲು ಎಣಿಸೋದು ಬಿಟ್ಟಾರ."

ನಾನು ಅತ್ತೆಯ ಕಡೆ ನೋಡಿದೆ. ಅಡಿಗೆಮನೆ ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದರು, ಮುಖದಲ್ಲಿ ರಕ್ತವಿರಲಿಲ್ಲ. ಬೀಗರ ಮಾತಿನಲ್ಲಿ ಅರ್ಧ ನಿಜವೆಂದು ತಿಳಿದಿದ್ದವನು ಆ ಹಂದರದಲ್ಲಿ ನಾನೊಬ್ಬನೇ ಎಂದುಕೊಂಡೆ. ಆಗ ನಾನು ಏನು ಮಾಡಿದೆ ಗೊತ್ತೇ? ಬರೆಯಲು ನಾಚಿಕೆಯಾಗುತ್ತದೆ. ನಾನು ಚೌಕಾಸಿಗೆ ಇಳಿದೆ!

"ಬೀಗರೇ, ಮಾವ, ಇಬ್ಬರೂ ದೊಡ್ಡವರು. ಒಂದು ಬಟ್ಲಿನ ಅಂತರ ಐತಿ. ಅರ್ಧ ಬಟ್ಲು ಅವರು ಬಿಡಲಿ, ಅರ್ಧ ಬಟ್ಲು ನೀವು ಬಿಡ್ರಿ. ನಡುವ ಕಟ್ಟಿಬಿಡೋಣು!"

"ಲೇ!" ಎಂದು ಮಾವ ಗುಡುಗಿದರು. "ಸೂರ್ಯ ಏನು ಹತ್ತಿ ಅಂಡಿಗಿ ಏನೋ, ನಡು ರೇಟಿಗೆ ಕೊಡಾಕ?"

ಹಂದರ ಹಾರಿಹೋಗುವ ಹಾಗೆ ನಕ್ಕರು ಮಂದಿ. ಆ ನಗೆ ಮುಗಿಯುವುದರೊಳಗೆ ಮಾವ ಎದ್ದಿದ್ದರು. ತಡವರಿಸುತ್ತ ಬಂದು ಬೀಗರ ಕೈ ಹಿಡಿದುಕೊಂಡರು. "ಬರ್ರಿ ಬೀಗರೇ, ನಿಮ್ಮ ಕಣ್ಣು ಚೊಲೋ ಅದಾವ. ನೋಡಿ ಹೇಳ್ರಿ." ಅಂಗಳಕ್ಕೆ ಕರೆದುಕೊಂಡು ಹೋಗಿ ಕಂಬದ ಮುಂದೆ ನಿಲ್ಲಿಸಿದರು. ನೆರಳು ಎಲ್ಲಿತ್ತು? ರಂಗೋಲಿ ಗೆರೆಯ ಪಡುವಲಿಗೆ, ತುದಿಯಲ್ಲಿ ಒಂದು ಗೇಣಿಗಿಂತ ಹೆಚ್ಚು ದೂರ!

"ಏನ್ರಿ, ಈ ಕಂಬಾನೂ ತೂಕಡಿಸೈತೇನು?"

ಬೀಗರು ಗಡಿಯಾರ ನೋಡಿದರು, ನೆರಳು ನೋಡಿದರು, ಗಡಿಯಾರ ಅಲುಗಾಡಿಸಿದರು. ಅಷ್ಟರಲ್ಲಿ ಇಡೀ ಮದುವೆ ಅಂಗಳಕ್ಕೆ ಬಂದಿತ್ತು. ಗಾಡಿ ಹೊಡೆಯುವವರು, ಅಡಿಗೆಯವರು, ವಾಲಗದವರು, ಸಿರುಗುಪ್ಪದ ಗತ್ತಿನ ಹೆಂಗಸರು, ಎಲ್ಲರೂ ಒಂದು ಕಂಬದ ನೆರಳನ್ನು ಬಗ್ಗಿ ನೋಡುತ್ತಿದ್ದರು. ಐದನೆಯ ಪಂಕ್ತಿಯಲ್ಲಿ ಅಷ್ಟು ಮಂದಿ ಒಟ್ಟಿಗೆ ಕೂತದ್ದು ಹಿಂದೆಂದೂ ಇಲ್ಲ! ನೆರಳು ಅಕ್ಕಿಕಾಳಿನಷ್ಟು ಅಕ್ಕಿಕಾಳಿನಷ್ಟು ಸರಿಯಿತು. ಒಳಗಿನಿಂದ ಅತ್ತೆಯ ದನಿ ಬಂತು: "ಹದಿನಾಕು ಮುಳುಗ್ತು!" ಮತ್ತೆ ಕಾದೆವು. ನೆರಳು ಗೆರೆಗೆ ಬೆರಳಷ್ಟು ಹತ್ತಿರ ಬಂದಾಗ ಪುರೋಹಿತರು ಪಡಸಾಲೆಗೆ ಓಡಿದರು, ಬಗ್ಗಿ ನೋಡಿದರು, ಅಲ್ಲಿಂದಲೇ ಕೂಗಿದರು: "ಅರ್ಧ ತುಂಬೈತಿ!"

ನೆರಳು ಗೆರೆಯ ಮೇಲೆ ಮಲಗಿತ್ತು. ಒಂದು ಕೂದಲಿನಷ್ಟೂ ಆಚೆ ಈಚೆ ಇಲ್ಲ.

ಗಟ್ಟಿಮೇಳ! ಧಾರೆಯಾಯಿತು, ಅಕ್ಷತೆ ಬಿತ್ತು, ನಾನು ಅತ್ತೆನೋ ನಕ್ಕೆನೋ ಗೊತ್ತಿಲ್ಲ. ಬೀಗರು ಕೆಟ್ಟವರಲ್ಲ. ಊಟಕ್ಕೆ ಕೂತಾಗ ಗಡಿಯಾರ ತೆಗೆದು ಎಲ್ಲರಿಗೂ ತೋರಿಸಿ, "ಇದು ಮದರಾಸಿನವರ ಮದುವಿಗೆ ಚೊಲೋ ಐತ್ರಿ" ಎಂದು ತಾವೇ ನಕ್ಕರು. ಮುಂದಿನ ವರ್ಷ ತಮ್ಮ ಕಿರಿಮಗಳ ಮದುವೆಗೆ ಬಟ್ಟಲು ತರಬೇಕೆಂದು ಮಾವನಿಗೆ ಅಲ್ಲಿಯೇ ಎಲೆ ಅಡಿಕೆ ಕೊಟ್ಟರು. ಅವತ್ತು ನನ್ನ ಎದೆ ಎಷ್ಟು ಉಬ್ಬಿತ್ತೆಂದರೆ ಹೊಸ ಅಂಗಿಯ ಗುಂಡಿ ಹೋಯಿತು. ಸುಳ್ಳಲ್ಲ.

ಮರುದಿನ ಬೆಳಿಗ್ಗೆ ಸಿರುಗುಪ್ಪದ ಗಾಡಿಗಳು ಮಗಳನ್ನು ಕರೆದುಕೊಂಡು ಹೋದ ಮೇಲೆ ನಾನೂ ಮಾವನೂ ಖಾಲಿ ಪಡಸಾಲೆಯಲ್ಲಿ ಕೂತಿದ್ದೆವು. ಅತ್ತೆ ಹಿತ್ತಲಲ್ಲಿ ಪಾತ್ರೆ ತಿಕ್ಕಿಸುತ್ತಿದ್ದರು. ಮಾವ ಗೋಡೆಯ ಮೇಲಿನ ಗೆರೆಗಳನ್ನು ಬೆರಳಿನಿಂದ ಮುಟ್ಟಿ ಮುಟ್ಟಿ ನೋಡುತ್ತಿದ್ದರು.

"ನೀ ನೋಡಿದಿ ಅಲ್ಲೇನು? ತಲಿ ಎತ್ತಿದಾಗ ಬಾಗಲದಾಗ ನಿನ್ನ ನೆರಳು ಇತ್ತು."

"ಹೂಂ," ಎಂದೆ.

"ಹದಿನಾಕರಾಗ ಐದು ಆಕೀವು," ಎಂದರು. "ನನ್ನ ಗೆರಿ ಈಗ ಡೊಂಕು ಬೀಳತಾವ. ನೆಟ್ಟಗಿರೋವೆಲ್ಲ ಆಕೀವು. ಮೂರು ವರ್ಷ ಆತು, ನಾ ಹ್ವಾದ ಮದುವಿಗೆಲ್ಲ ಅಡಿಗಿ ನೆಪ ಮಾಡಿಕೊಂಡು ಬರತಾಳ. ಮೊದಲ ಸಲ ನಾನಽ ಎಳದಿದ್ದೆ ಅಂತ ತಿಳಕೊಂಡಿದ್ದೆ. ಆಮ್ಯಾಲ ಕೈಯಾಡಿಸಿ ನೋಡಿದೆ."

"ಮತ್ತ ಆ ಕಂಬ? ಆ ಗೆರಿ?"

"ಹಂದರದಾಗ ಯಾರಾದರೂ ನನ್ನ ಬೈದರ ಬೈಲಿ. ಆಕಿ ಎಣಿಸಿದ್ದು ತಪ್ಪು ಅಂತ ಯಾರೂ ಅನ್ನಬಾರದಾಗಿತ್ತು."

ಸಾಕ್ಷಿ ಬೇಕಾದದ್ದು ತಮಗಾಗಿ ಅಲ್ಲ! "ಗೊತ್ತೈತಿ ಅಂತ ಅತ್ತಿಗೆ ಒಂದು ಸಲ ಹೇಳಿಬಿಡ್ರಿ ಮಾವ," ಎಂದೆ.

"ಹೇಳಿದರ, ನಾನು ಮುದುಕ ಆದೆ ಅಂತ ಆಕಿ ಮುಂದ ಒಪ್ಪಿಕೊಂಡಂಗ ಆಗತೈತಿ. ಆ ಮಾತು ನನ್ನ ಬಾಯಾಗ ಬರಬಾರದು ಅಂತನಽ ಅಲ್ಲೇನು ಆಕಿ ತಾಟು ಬೀಳಸೋದು?"

ನಾನು ವ್ಯಾಪಾರಿ. ಸುಮ್ಮನಿರಲಾರದೆ ಕೇಳಿಯೇಬಿಟ್ಟೆ: "ಹಂಗಾರ ಅತ್ತೀನ್ನ ಮೂರನೇದ್ರಿಂದ ಎತ್ತಿ ಎಲ್ಲಿ ಕೂಡಸತೀರಿ?"

ಮಾವ ನನ್ನ ಕಡೆ ತಿರುಗಿದರು. ಆ ಮಂಜು ಕಣ್ಣಿಗೆ ನಾನು ಎಷ್ಟು ಕಂಡೆನೋ.

"ಬಡಿಸೋರು ಪಂಕ್ತ್ಯಾಗ ಕೂಡತಾರೇನಲೇ?"

ಓದುಗರೇ, ಗಡಿಯಾರ ಕೊಳ್ಳುವವರು ಕೊಳ್ಳಿ, ಬೇಡವೆನ್ನುವುದಿಲ್ಲ. ಹೇಳಿದ ಬೆಲೆಯ ಅರ್ಧದಿಂದ ಶುರುಮಾಡಿ. ಆದರೆ ನಿಮ್ಮ ಮನೆಯಲ್ಲಿ ಹಿರಿಯರೊಬ್ಬರು ಏನಾದರೂ ಕೆಲಸ ಹಿಡಿದುಕೊಂಡು ಕೂತು, ಕೂತಲ್ಲೇ ಕಣ್ಣು ಮುಚ್ಚಿದರೆ, ಎಬ್ಬಿಸಬೇಡಿ, ಬುದ್ಧಿ ಹೇಳಬೇಡಿ. ಆ ಕೆಲಸ ನೀವೇ ಮುಗಿಸಿ, ಕೈ ಒರೆಸಿಕೊಂಡು ದೂರ ಹೋಗಿ ಒಂದು ತಾಟು ಬೀಳಿಸಿ. ತಾಮ್ರದ್ದು ನೆಗ್ಗುತ್ತದೆ, ಕಂಚಿನದು ಒಡೆಯುತ್ತದೆ, ಹಿತ್ತಾಳೆಯದು ಒಳ್ಳೆಯದು. ಬಿದ್ದ ಮೇಲೆ 'ಅಯ್ಯೋ, ಕೈ ಜಾರಿತು' ಎನ್ನಿ. ಅವರ ಮುಖ ಮಾತ್ರ ನೋಡಬೇಡಿ.